ಇರುವೆ ಅಂದುಬಿಟ್ಟೆ

ನಮ್ಮೂರಲ್ಲಿ ಗೋಡೆಗೆ ಸುಣ್ಣ ಬಳಿಯುವ ಮುಂಚೆ ಕೋಳಿಪುಕ್ಕ ಹಿಡಿದು ಹಾರುಜೇಡಗಳನ್ನೆಲ್ಲ ಒಂದೊಂದಾಗಿ ಮೊರಕ್ಕೆ ಹತ್ತಿಸಿಕೊಳ್ಳುತ್ತಾರೆ. ಸುಣ್ಣ ಒಣಗಿದ ಮೇಲೆ ಅದೇ ಗೋಡೆಗೆ ಬಿಡುತ್ತಾರೆ. ಹಲ್ಲಿ ಕಂಡರೆ ಮಾತ್ರ ಪೊರಕೆ ಹಿಡಿದು ಅಟ್ಟಿಸಿಕೊಂಡು ಹೋಗುತ್ತಾರೆ. ಹೊರಗಿನಿಂದ ಬಂದ ಬೀಗರು ಇದನ್ನು ನೋಡಿ ಮುಸಿಮುಸಿ ನಗುವುದುಂಟು. ಆದರೆ ಮೊಮ್ಮಗು ಹುಟ್ಟಿದ ಮೇಲೆ ಅವರೇ ತೊಟ್ಟಿಲ ಪಕ್ಕ ಮಿಸುಕಾಡದೆ ಕೂತಿರುತ್ತಾರೆ. ತೊಟ್ಟಿಲಿಗೆ ಹಾರುಜೇಡ ಬರಬೇಕು, ಅದು ಯಾವ ಜಾತಿಯದು ಅಂತ ಗುರುತಮ್ಮ ಜಗುಲಿಯ ಮೇಲೆ ನಿಂತು ಹೇಳಬೇಕು, ಆಮೇಲೆ ಹೆಸರು. ಅಲ್ಲಿಯವರೆಗೆ ಅದು ಬರೀ ಕೂಸು. ಕೆಲವಕ್ಕೆ ಮೂರೇ ದಿನಕ್ಕೆ ಬರುತ್ತದೆ, ಕೆಲವಕ್ಕೆ ತಿಂಗಳು ಹಿಡಿಯುತ್ತದೆ. ಬಂದ ಜೇಡ ಆಮೇಲೆ ಆ ಮನೆಯ ಗೋಡೆಯಲ್ಲೇ ಬಿಡಾರ ಹೂಡಿ ಸಂತಾನ ಬೆಳೆಸುತ್ತದೆ.

ಇಪ್ಪತ್ತು ವರ್ಷ ಆ ಗುರುತಮ್ಮ ನಾನಾಗಿದ್ದೆ. ನನ್ನ ಹೆಸರು ದೇವೀರಮ್ಮ. ಕಲಿಸಿದವಳು ನನ್ನ ಸೋದರತ್ತೆ ಮಾಳಮ್ಮ. ಹತ್ತು ವರ್ಷದವಳಿದ್ದಾಗಲೇ ನನ್ನನ್ನು ಗೋಡೆಗೆ ಮುಖ ಮಾಡಿ ಕೂರಿಸಿದಳು. ಮೊದಲು ಮುಖ ನೋಡು ಅನ್ನುತ್ತಿದ್ದಳು. ಮುಂದೆ ನಾಲ್ಕು ಕಣ್ಣು ಸಾಲಾಗಿ ಇದ್ದು, ನಡುವಿನ ಎರಡು ಹಣತೆಯ ಹಾಗೆ ದೊಡ್ಡವಿದ್ದರೆ ಅದು ಹಾರುಜೇಡ. ಮಿಕ್ಕ ಜೇಡಗಳು ಬಲೆ ಕಟ್ಟಿ ಕಾಯುತ್ತವೆ, ಇದು ನಿನ್ನನ್ನು ತಿರುಗಿ ನೋಡುತ್ತದೆ. ಹಾರುವ ಮುಂಚೆ ಗೋಡೆಗೊಂದು ನೂಲು ಅಂಟಿಸಿಯೇ ಹಾರುತ್ತದೆ, ಗುರಿ ತಪ್ಪಿದರೂ ನೆಲಕ್ಕೆ ಬೀಳುವುದಿಲ್ಲ. ಹೀಗೆ ಶುರುವಾಗಿ, ಜಾತಿಗಳನ್ನು ಕಲಿಯಲು ನನಗೆ ಎಂಟು ವರ್ಷ ಹಿಡಿಯಿತು. ಚಪ್ಪಟೆಯಾಗಿ ಗೋಡೆಗೆ ಅಂಟಿಕೊಂಡಂತೆ ಓಡಾಡುವುದು ಗೋಡೆಬೂದ. ಮೈತುಂಬ ಕೂದಲು, ಕಣ್ಣಿನ ಪಕ್ಕ ಹುಬ್ಬಿನ ಹಾಗೆ ಕುಚ್ಚು ಇರುವುದು ಹುಬ್ಬಣ್ಣ. ಬಿಸಿಲಿಗೆ ತಿರುಗಿದಾಗ ನವಿಲಿನ ಕತ್ತಿನಂತೆ ಮಿಂಚುವುದು ನೀಲಪಟ್ಟಿ. ಕಸದ ಚೂರಿನಂತೆ ಬಿದ್ದುಕೊಂಡಿದ್ದು, ಬೇರೆ ಜೇಡದ ಬಲೆಯನ್ನು ಮೆಲ್ಲಗೆ ಮೀಟಿ, ನೊಣ ಸಿಕ್ಕಿತೆಂದು ಆ ಜೇಡ ಓಡಿಬಂದರೆ ಅದನ್ನೇ ತಿನ್ನುವುದು ಕಸಮಾರಿ. ಕಸಮಾರಿ ಬಂದ ಹುಡುಗಿಗೆ ನಮ್ಮೂರಲ್ಲಿ ಗಂಡು ಸಿಕ್ಕುವುದು ಸ್ವಲ್ಪ ಕಷ್ಟ.

ಚಿಕ್ಕತಾಯಿ ನಮ್ಮ ಮನೆಯಿಂದ ಮೂರನೇ ಮನೆಗೆ ಸೊಸೆಯಾಗಿ ಬಂದಳು. ಹುಟ್ಟಿದ ಹನ್ನೊಂದನೇ ದಿನಕ್ಕೆ ಹೆಸರಿಟ್ಟು ಮುಗಿಸುವ ಊರಿನವಳು. ಬಂದ ವರ್ಷ ಸುಮ್ಮನೆ ನನ್ನ ಹಿಂದೆ ಹಿಂದೆ ತಿರುಗಿದಳು. "ಅಕ್ಕ, ನಾನೂ ನೋಡ್ಲಾ?" ಅನ್ನುತ್ತಿದ್ದಳು. ನನಗೂ ಹೆಮ್ಮೆ. ನೋಡು ಅಂದೆ. ಅಷ್ಟೇ ನಾನು ಮಾಡಿದ ಉಪಕಾರ.

ಎರಡನೇ ವರ್ಷ ಸುಣ್ಣದ ಗೂಡಿನ ಮೇಸ್ತ್ರಿ ಮನೆಯಲ್ಲಿ ಅವಳಿ ಹುಟ್ಟಿತು. ಒಂದೇ ಬೆಳಿಗ್ಗೆ ಎರಡು ತೊಟ್ಟಿಲಿಗೂ ಜೇಡ ಬಂದವು. ಒಂದು ಕಪ್ಪು, ಬೆನ್ನ ಮೇಲೆ ಬಿಳಿ ಗೆರೆ. ಇನ್ನೊಂದು ರಾಗಿ ಮುದ್ದೆ ಬಣ್ಣದ್ದು. ನಾನು ಜಗುಲಿಗೆ ಬಂದು ಎರಡಕ್ಕೂ ಬೇರೆ ಬೇರೆ ಜಾತಿ ಹೇಳಿಬಿಟ್ಟೆ. ಜನದ ನಡುವಿನಿಂದ ಚಿಕ್ಕತಾಯಿ ಮೆಲ್ಲಗೆ, "ಅಕ್ಕ, ಎರಡೂ ಒಂದೇ ಅಲ್ವಾ? ಕರೀದು ಗಂಡು, ಕಂದು ಹೆಣ್ಣು" ಅಂದಳು. ನಾನು ಬಾಯಿ ತೆರೆಯುವ ಮುಂಚೆಯೇ ಆ ಕರಿಯ ಜೇಡ ತನ್ನ ತೊಟ್ಟಿಲ ಹಗ್ಗದಿಂದ ಈ ತೊಟ್ಟಿಲಿಗೆ ನೆಗೆದು, ಕಂದು ಜೇಡದ ಮುಂದೆ ಎರಡು ಕೈ ಮೇಲೆತ್ತಿ, ಎಡಕ್ಕೆ ನಾಲ್ಕು ಹೆಜ್ಜೆ, ಬಲಕ್ಕೆ ನಾಲ್ಕು ಹೆಜ್ಜೆ, ಕುಣಿಯಲು ಶುರುಮಾಡಿತು. ಹಾರುಜೇಡದ ಗಂಡು ತನ್ನ ಜಾತಿಯ ಹೆಣ್ಣಿನ ಮುಂದೆ ಬಿಟ್ಟರೆ ಬೇರೆ ಕಡೆ ಹಾಗೆ ಕುಣಿಯುವುದಿಲ್ಲ. ಇಡೀ ಮನೆ ನಕ್ಕಿತು. ಅತ್ತೆಯೂ ಹಲ್ಲಿಲ್ಲದ ಬಾಯಿ ತೆರೆದು ನಕ್ಕಳು. ಅವಳ ನಗುವೇ ನನಗೆ ಚುಚ್ಚಿದ್ದು.

ಅತ್ತೆ ಹಾಸಿಗೆ ಹಿಡಿದಾಗ ನೆಂಟರೆಲ್ಲ ಸೇರಿದ್ದರು. ಅವಳ ಹತ್ತಿರ ಒಂದು ಭೂತಗನ್ನಡಿ ಇತ್ತು, ಹಿತ್ತಾಳೆ ಹಿಡಿಯದು. "ಅದನ್ನ ದೇವೀರಿಗೆ ಕೊಡ್ರಿ, ಅವಳಿಗೆ ಬೇಕಾಗ್ತದೆ" ಅಂದಳು. ಎಲ್ಲರೂ ನನ್ನ ಬೆನ್ನು ತಟ್ಟಿದರು. ಅತ್ತೆ ಗದ್ದುಗೆ ಕೊಟ್ಟಳು ಅಂದರು. ಬೇಕಾಗ್ತದೆ ಅಂತ ಅತ್ತೆ ಅಂದದ್ದರ ಅರ್ಥ ನನಗೊಬ್ಬಳಿಗೇ ಹೊಳೆಯಿತು. ಬಾಗಿಲ ಬಳಿ ನಿಂತಿದ್ದ ಚಿಕ್ಕತಾಯಿಗೆ ಕನ್ನಡಿ ಬೇಕಾಗಿರಲಿಲ್ಲ. ನನಗೆ ಬೇಕಾಗಿತ್ತು.

ಆಮೇಲಿನ ವರ್ಷಗಳಲ್ಲಿ ನನ್ನನ್ನು ಕರೆಯಲು ಬಂದವರು ಹೊಸಿಲಲ್ಲಿ ನಿಂತು, "ಹಂಗೇ ಚಿಕ್ಕತಾಯೀನೂ ಕರ್ಕೊಂಡ್ ಬಾ" ಅನ್ನತೊಡಗಿದರು. ಅವಳು ಬರುತ್ತಿದ್ದಳು, ನನ್ನ ಹಿಂದೆಯೇ ನಿಲ್ಲುತ್ತಿದ್ದಳು, ಕೇಳಿದರೆ ಮಾತ್ರ ಹೇಳುತ್ತಿದ್ದಳು. ಬಡಿವಾರ ಇದ್ದಿದ್ದರೆ ಬೈದು ಹಗುರಾಗುತ್ತಿದ್ದೆ, ಅದೂ ಇರಲಿಲ್ಲ. ನಾನು ಗೋಡೆಯ ಹತ್ತಿರ ಹೋದರೆ ಜೇಡ ಸರ್ರನೆ ತೊಲೆಯ ಸಂದಿಗೆ ಸರಿಯುತ್ತಿತ್ತು. ಅವಳು ಬೆರಳು ಚಾಚಿದರೆ ತಿರುಗಿ ನಿಂತು, ಕತ್ತು ಓರೆ ಮಾಡಿದ ಹಾಗೆ ನೋಡಿ, ಟಕ್ ಅಂತ ಉಗುರಿನ ಮೇಲೆ ನೆಗೆಯುತ್ತಿತ್ತು. ಅವಳು ಇಲ್ಲದಾಗ ನಾನೂ ಬೆರಳು ಚಾಚಿ ನೋಡಿದ್ದೇನೆ. ಒಂದು ದಿನ ಅರ್ಧ ಗಂಟೆ ಚಾಚಿಕೊಂಡು ಕೂತಿದ್ದೆ. ಕೈ ಜೋಮು ಹಿಡಿಯಿತೇ ಹೊರತು ಒಂದೂ ಬರಲಿಲ್ಲ.

ನಮ್ಮ ಮನೆಯವರು ಮುಖಕ್ಷೌರಕ್ಕೆ ಅಂತ ಗೋಡೆಗೆ ಕನ್ನಡಿ ನೇತುಹಾಕಿದ್ದರು. ಒಂದು ಗಂಡುಜೇಡ ಅದರ ಮುಂದೆ ಕೈಯೆತ್ತಿ ಎಗರಾಡುತ್ತಿತ್ತು. "ನೋಡೇ ಇದನ್ನ, ತನ್ನ ನೆರಳಿನ ಜತೇಲೇ ಜಗಳಕ್ಕೆ ನಿಂತೈತೆ" ಅಂತ ನಕ್ಕರು. ಯಾರಿಗೆ ಹೇಳುತ್ತಿದ್ದೀರಿ ಅಂತ ನಾನು ರೇಗಿದೆ. ಅವರು ಪಾಪ, ಕೆನ್ನೆಯ ನೊರೆ ಒಣಗುವವರೆಗೂ ನನ್ನನ್ನೇ ನೋಡುತ್ತ ನಿಂತರು.

ಒಂದು ವಿಷಯದಲ್ಲಿ ಮಾತ್ರ ನಾನು ಮೇಲಿದ್ದೆ. ನನಗೆ ಇಬ್ಬರು ಗಂಡುಮಕ್ಕಳು. ಅವಳಿಗೆ ಹನ್ನೊಂದು ವರ್ಷ ಮಕ್ಕಳಾಗಲಿಲ್ಲ. ಹೇಳಲು ನಾಚಿಕೆಯಾಗುತ್ತದೆ, ಬೇರೆಯವರ ತೊಟ್ಟಿಲಿನ ಮೇಲೆ ಬಗ್ಗಿದ ಅವಳ ಮುಖ ನೋಡಿ ಆ ಒಂದು ಲೆಕ್ಕದಲ್ಲಿ ನನ್ನ ಹೊಟ್ಟೆ ತಣ್ಣಗಾಗುತ್ತಿತ್ತು. ಹನ್ನೆರಡನೇ ವರ್ಷ ಅವಳಿಗೆ ಹೆಣ್ಣುಮಗು ಹುಟ್ಟಿತು.

ಹೆತ್ತವರು ತಮ್ಮ ಕೂಸಿಗೆ ತಾವೇ ಗುರುತು ಹೇಳುವಂತಿಲ್ಲ. ಅದಕ್ಕೇ ಒಂಬತ್ತನೇ ದಿನ ಬೆಳಿಗ್ಗೆ ಚಿಕ್ಕತಾಯಿಯ ಗಂಡ ನಿಂಗರಾಜ ಓಡಿಬಂದ. "ಅಕ್ಕ, ಬಂದೈತೆ, ಬೇಗ ಬಾ." ನಾನು ಭೂತಗನ್ನಡಿ ಸೆರಗಿಗೆ ಸಿಕ್ಕಿಸಿಕೊಂಡು ಹೋದೆ. ತೊಟ್ಟಿಲನ್ನು ಅಂಗಳದ ಬೆಳಕಿಗೆ ತಂದಿಟ್ಟಿದ್ದರು. ಸುತ್ತ ಹತ್ತು ಹದಿನೈದು ಜನ. ತೊಟ್ಟಿಲ ಬಟ್ಟೆಯ ಅಂಚಿನಲ್ಲಿ ಕೆಂಪಗೆ ಒಂದು ಹುಳ, ಚಗಳಿ ಇರುವೆಯ ಹಾಗೇ, ಬಾಯಲ್ಲಿ ಇನ್ನೊಂದು ಇರುವೆಯನ್ನು ಕಚ್ಚಿಕೊಂಡಂತೆ, ಅತ್ತಿತ್ತ ಗಾಬರಿಯಲ್ಲಿ ಓಡಾಡುತ್ತಿತ್ತು. ನಾನು ಕನ್ನಡಿ ಹಿಡಿದು ಬಗ್ಗಿದೆ. ಅದು ನಿಂತಿತು. ತಿರುಗಿತು. ಸಾಲಾಗಿ ನಾಲ್ಕು ಕಣ್ಣು, ನಡುವಿನ ಎರಡು ದೊಡ್ಡವು, ನೇರ ನನ್ನನ್ನೇ ನೋಡಿದವು. ಮೀಸೆಯ ಹಾಗೆ ಎತ್ತಿ ಆಡಿಸುತ್ತಿದ್ದದ್ದು ಮುಂಗಾಲು. ಕಚ್ಚಿಕೊಂಡಂತೆ ಕಂಡದ್ದು ಅದರದೇ ಉದ್ದನೆಯ ದವಡೆ. ಇರುವೆಜೇಡ. ಅತ್ತೆ ತನ್ನ ಇಡೀ ಆಯಸ್ಸಿನಲ್ಲಿ ಎರಡು ಸಲ ಮಾತ್ರ ಕಂಡಿದ್ದಳು. ಅದು ಬಂದ ಮಗುವಿನ ಹೆಸರನ್ನು ಊರು ಮೂರು ತಲೆಮಾರು ಮರೆಯುವುದಿಲ್ಲ ಅನ್ನುತ್ತಾರೆ.

"ಏನದು ಅಕ್ಕ?" ಅಂದಳು ಚಿಕ್ಕತಾಯಿ. ಬಾಣಂತಿ, ಕಿವಿಗೆ ಬಟ್ಟೆ ಸುತ್ತಿಕೊಂಡು ಬಾಗಿಲಿಗೆ ಒರಗಿ ನಿಂತಿದ್ದಳು. ಅವಳ ಕಣ್ಣು ಆಗಲೇ ನಗುತ್ತಿತ್ತು. ಅಷ್ಟು ದೂರದಿಂದ, ಕನ್ನಡಿ ಇಲ್ಲದೆ, ಅವಳಿಗೆ ತಿಳಿದುಹೋಗಿದೆ ಅಂತ ನನಗೆ ಅನ್ನಿಸಿತು. ಕಣ್ಣೂ ಅವಳದೇ, ಮಗುವೂ ಅವಳದೇ, ಈಗ ಇರುವೆಜೇಡವೂ ಅವಳ ಮನೆಗೇ ಬರಬೇಕೇ?

"ಇರುವೆ" ಅಂದುಬಿಟ್ಟೆ. "ಚಗಳಿ ಇರುವೆ. ಕೂಸಿಗೆ ಕಚ್ಚೀತು." ಬಟ್ಟೆಯನ್ನು ಹಿಡಿದು ಬೇಲಿಯ ಆಚೆ ಕೊಡವಿದೆ.

"ಕಾಲು ಎಂಟು ಇದ್ದಂಗಿತ್ತಕ್ಕ" ಅಂದಳು ಅವಳು. "ಮುಂದಿನವು ಮೀಸೆ" ಅಂದೆ. ಅವಳು ಒಂದು ಗಳಿಗೆ ನನ್ನ ಮುಖ ನೋಡಿದಳು. ಆಮೇಲೆ ತಲೆ ತಗ್ಗಿಸಿ, "ಹೌದೇನೋ. ಹೆತ್ತವಳ ಕಣ್ಣು, ಆಸೆಗೆ ಏನೇನೋ ಕಾಣ್ತದೆ" ಅಂದಳು. ನನ್ನನ್ನು ನಂಬಿದಳು. ಜಗಳ ಮಾಡುತ್ತಾಳೆ ಅಂತ ಮೈಯೆಲ್ಲ ಬಿಗಿ ಮಾಡಿಕೊಂಡು ನಿಂತಿದ್ದೆ. ನಂಬುತ್ತಾಳೆ ಅಂದುಕೊಂಡಿರಲಿಲ್ಲ.

ನಾಲ್ಕು ದಿನ ಕಾಯಲಿ, ಎಲ್ಲರ ಹಾಗೆ ಇವಳೂ ಕಾಯಲಿ, ಆಮೇಲೆ ಒಂದು ಗೋಡೆಬೂದ ಬಂದೇ ಬರುತ್ತದೆ. ಅವತ್ತು ಮನೆಗೆ ನಡೆಯುತ್ತ ನಾನು ಅಂದುಕೊಂಡದ್ದು ಇಷ್ಟೇ. ಬರಲಿಲ್ಲ. ತಿಂಗಳಾಯಿತು, ವರ್ಷವಾಯಿತು. ಅವರ ಮನೆಯ ಗೋಡೆಗಳಲ್ಲಿ ಇದ್ದ ಜೇಡಗಳೂ ತೊಟ್ಟಿಲ ಹತ್ತಿರ ಸುಳಿಯಲಿಲ್ಲ. ಒಂದು ಕೂಸಿಗೆ ಜೇಡ ಬರುವುದು ಒಂದೇ ಸಲ ಅನ್ನುವುದು ನನಗೆ ಗೊತ್ತಿಲ್ಲದ ಸಂಗತಿಯೇನಲ್ಲ.

ಚಿಕ್ಕತಾಯಿ ಗುರುತು ಹೇಳುವುದನ್ನು ಬಿಟ್ಟಳು. ಯಾರಾದರೂ ಕರೆದರೆ, "ಇರುವೇನ ಜೇಡ ಅಂದವಳು ನಾನು. ನನ್ನ ಕಣ್ಣು ಕೆಟ್ಟೈತೆ, ದೇವೀರಕ್ಕನ್ನ ಕರೀರಿ" ಅನ್ನುತ್ತಿದ್ದಳು. ಜನ ಮತ್ತೆ ನನ್ನ ಹೊಸಿಲಿಗೇ ಬಂದರು. ಒಬ್ಬಳೇ ಹೋಗಿ ಒಬ್ಬಳೇ ಹೇಳಿ ಬರುತ್ತಿದ್ದೆ. ಬೇಕೆಂದದ್ದೆಲ್ಲ ಸಿಕ್ಕಿತ್ತು. ಆದರೂ ಹಾಳು ಹೊಟ್ಟೆಕಿಚ್ಚಿಗೆ ಬೇರೆ ಸೌದೆ ಸಿಕ್ಕಿತು. ಹೆಸರಿಲ್ಲದ ಮಗಳನ್ನು ಚಿಕ್ಕತಾಯಿ ದಿನಕ್ಕೊಂದು ಮಾತಿನಿಂದ ಕರೆಯುತ್ತಿದ್ದಳು. ಇವತ್ತು ಬೆಲ್ಲ ಅಂದರೆ ನಾಳೆ ಗುಬ್ಬಿ, ನಾಡಿದ್ದು ಎಳ್ಳುಂಡೆ. ಒಂದೇ ಮಾತು ಎರಡು ದಿನ ಕರೆದರೆ ಅದೇ ಹೆಸರಾಗಿ ಅಂಟಿಬಿಡುತ್ತದೆ ಅನ್ನುವ ಭಯ ಅವಳಿಗೆ. ಬೀದಿಯ ಹೆಂಗಸರೆಲ್ಲ ಬೆಳಿಗ್ಗೆ ಎದ್ದರೆ, ಇವತ್ತೇನು ಇವತ್ತೇನು ಅಂತ ಅವಳ ಬಾಗಿಲಿಗೆ ಹೋಗಿ ಕೇಳುವರು. ನನ್ನ ಮಕ್ಕಳನ್ನು ಹೆಸರಿಟ್ಟಾಗಿನಿಂದ ನಾನು ಒಂದೊಂದೇ ಹೆಸರಿನಿಂದ ಕರೆದಿದ್ದೆ. ಅವರ ಮೇಲೆ ಅಷ್ಟು ಮಾತು ನನಗೆ ಎಂದೂ ಹುಟ್ಟಿರಲಿಲ್ಲ.

ಹುಡುಗಿಗೆ ನಾಲ್ಕು ತುಂಬಿತು. ಶಾಲೆಗೆ ಸೇರಿಸಲು ಹೋದರೆ, ಹಾಜರಿ ಕೂಗಲು ಏನಾದರೂ ಬೇಕಲ್ಲಮ್ಮ ಅಂತ ಮೇಷ್ಟ್ರು ವಾಪಸು ಕಳಿಸಿದರು. ಬೇರೆ ಮಕ್ಕಳು ಆಟದಲ್ಲಿ, "ಏ ನೀನು" ಅನ್ನುತ್ತಿದ್ದರು. ಆ ಮಾತಿಗೆ ಎಲ್ಲ ಮಕ್ಕಳೂ ತಿರುಗುತ್ತಿದ್ದರು, ಇವಳೊಬ್ಬಳನ್ನು ಬಿಟ್ಟು.

ಆ ಬೇಸಿಗೆಯಲ್ಲಿ ಒಂದು ದಿನ ಹುಡುಗಿ ಕಾಣೆಯಾದಳು. ಚಿಕ್ಕತಾಯಿ ಬಟ್ಟೆ ಒಗೆದು ಬಂದು ನೋಡಿದರೆ ಮನೆಯಲ್ಲಿಲ್ಲ. ನಮ್ಮೂರಿನ ಮೂಡಲಿಗೆ ಸುಣ್ಣ ಅರಳಿಸುವ ಹೊಂಡಗಳಿವೆ. ಸುಟ್ಟ ಕಲ್ಲಿಗೆ ನೀರು ಬಿಟ್ಟಾಗ ಕೊತಕೊತ ಕುದಿಯುತ್ತವೆ. ದನ ಬಿದ್ದರೂ ಉಳಿಯುವುದಿಲ್ಲ. ಊರಿಗೆ ಊರೇ ಆ ಕಡೆ ಓಡಿತು. ಹೊಂಡಗಳ ನಡುವೆ ರಾಶಿ ರಾಶಿ ಕಲ್ಲು, ನೀರಿನ ಹಬೆ, ಎರಡು ಮಾರಿನ ಆಚೆ ಏನೂ ಕಾಣದು. ಕೂಗಬೇಕು. ಏನಂತ ಕೂಗುವುದು? ಒಬ್ಬ "ಕೂಸೇ" ಅಂದ, ಒಬ್ಬಳು "ಬೆಲ್ಲಾ" ಅಂದಳು, ಇನ್ನೊಬ್ಬಳು "ಗುಬ್ಬೀ" ಅಂದಳು. ಯಾವುದಕ್ಕೂ ಉತ್ತರವಿಲ್ಲ. "ಚಿಕ್ಕತಾಯಿ, ಇವತ್ತು ಏನಂತ ಕರೆದಿದ್ದೆ ಹೇಳೇ!" ಅಂತ ನಾನು ಅವಳ ಭುಜ ಹಿಡಿದು ಅಲುಗಿಸಿದೆ. ಅವಳು ನನ್ನನ್ನು ನೋಡಿದಳು. "ಇವತ್ತು ಇನ್ನೂ ಕರೆದೇ ಇರ್ಲಿಲ್ಲಕ್ಕ" ಅಂದಳು.

ನಾನು ಅಲ್ಲಿಂದ ಓಡಿದೆ. ಯಾವ ದಿಕ್ಕು ಅಂತ ನೋಡಲಿಲ್ಲ. ಕಡೆಯ ಹೊಂಡದ ದಂಡೆಯಲ್ಲಿ, ಕುದಿಯುವ ಸುಣ್ಣಕ್ಕೆ ಎರಡು ಗೇಣು ದೂರದಲ್ಲಿ, ಒಂದು ಎಕ್ಕದ ಗಿಡದ ಪಕ್ಕ ಹುಡುಗಿ ಕುಕ್ಕರುಗಾಲಲ್ಲಿ ಕೂತಿದ್ದಳು. ಕೂಗಿದರೆ ಬೆಚ್ಚಿ ಬಿದ್ದಾಳು ಅಂತ ಉಸಿರು ಹಿಡಿದು ಹೋಗಿ, ಹಿಂದಿನಿಂದ ಬಾಚಿ ತಬ್ಬಿ ಎಳೆದುಕೊಂಡೆ. ಅವಳು ಅಳಲಿಲ್ಲ. ಎಕ್ಕದ ಎಲೆಯನ್ನು ತೋರಿಸಿದಳು. "ದೊಡ್ಡವ್ವ, ನೋಡು. ಈ ಇರುವೆ ನೂಲು ಬಿಟ್ಟೈತೆ."

ಎಲೆಯ ತುದಿಯಿಂದ ಕೆಂಪು ಹುಳವೊಂದು ನೂಲಿನಲ್ಲಿ ನೇತಾಡುತ್ತಿತ್ತು. "ಇರುವೆ ನೂಲು ಬಿಡ್ತದಾ ದೊಡ್ಡವ್ವ?" ಅಂತ ಕೇಳಿದಳು. ನಾಲ್ಕು ವರ್ಷದ ಮಗು, ಯಾರೂ ಕಲಿಸದೆ ಸರಿಯಾದ ಪ್ರಶ್ನೆ ಕೇಳಿತ್ತು. ನಾನು ಇಲ್ಲ ಅಂದೆ. "ಇರುವೆ ನೂಲು ಬಿಡಲ್ಲ ಮಗಾ."

ಅವಳನ್ನು ಸೊಂಟದ ಮೇಲಿಟ್ಟುಕೊಂಡು ಜನರಿದ್ದಲ್ಲಿಗೆ ಬಂದೆ. ಚಿಕ್ಕತಾಯಿ ಕಿತ್ತುಕೊಂಡು ಎದೆಗೊತ್ತಿಕೊಂಡಳು. ಎಲ್ಲರೂ ನನ್ನ ಕೈ ಹಿಡಿದು, ನಿನ್ನಿಂದ ಮಗು ಉಳೀತು ತಾಯಿ ಅಂದರು. ಆ ಮಾತನ್ನು ತಡೆದುಕೊಳ್ಳಲು ನನ್ನಿಂದ ಆಗಲಿಲ್ಲ. ಮನೆಗೆ ಹೋಗಿ ಯೋಚಿಸಿದ್ದರೆ ಹೇಳುತ್ತಿರಲಿಲ್ಲವೇನೋ. ಅಲ್ಲೇ ಹೇಳಿದೆ.

"ಚಿಕ್ಕತಾಯಿ, ಅವತ್ತು ತೊಟ್ಟಿಲಿಗೆ ಬಂದಿದ್ದು ಇರುವೆ ಅಲ್ಲ. ಇರುವೆಜೇಡ. ನನಗೆ ಗೊತ್ತಿತ್ತು."

"ಆಮೇಲೆ ಗೊತ್ತಾಯ್ತಾ?" ಅಂದಳು. ಆಗಲೂ ನನಗೆ ದಾರಿ ಬಿಟ್ಟುಕೊಡುತ್ತಿದ್ದಳು.

"ಅವತ್ತೇ ಗೊತ್ತಿತ್ತು. ಅದರ ಕಣ್ಣು ನೋಡಿಯೇ ಸುಳ್ಳು ಹೇಳ್ದೆ."

ಯಾರೋ ಹೆಂಗಸು ಅಯ್ಯೋ ಅಂದಳು. ನಿಂಗರಾಜ ಒಂದು ಹೆಜ್ಜೆ ಮುಂದೆ ಬಂದ, ಅವನನ್ನು ನಮ್ಮ ಮನೆಯವರು ತಡೆದರು. ಚಿಕ್ಕತಾಯಿ ಮಗಳ ಪಾದಕ್ಕೆ ಮೆತ್ತಿದ್ದ ಸುಣ್ಣವನ್ನು ಸೆರಗಿನಿಂದ ಒರೆಸುತ್ತಿದ್ದಳು. ಒಂದು ಪಾದ ಮುಗಿಸಿ ಇನ್ನೊಂದನ್ನು ತೆಗೆದುಕೊಂಡಳು. "ನಾಲ್ಕು ವರ್ಷ ಗೋಡೆ ಕಡೆ ನೋಡಿಲ್ಲ ನಾನು" ಅಂದಳು. "ಜೇಡ ಕಂಡ್ರೆ ಕಣ್ಣು ಮುಚ್ಕೊಂಡು ಹೋಗ್ತಿದ್ದೆ." ಅಷ್ಟು ಹೇಳಿ ಮಗಳನ್ನು ಎತ್ತಿಕೊಂಡು ಹೊರಟುಹೋದಳು.

ಮಾರನೆಯ ದಿನದಿಂದ ಅವಳು ಮನೆ ಮನೆಗೆ ಹೋಗತೊಡಗಿದಳು. ಆ ನಾಲ್ಕು ವರ್ಷದಲ್ಲಿ ನಾನು ಗುರುತು ಹೇಳಿದ್ದ ಪ್ರತಿ ಮಗುವಿನ ಮನೆಗೂ ಹೋಗಿ, ಗೋಡೆಯಲ್ಲಿ ಬಿಡಾರ ಹೂಡಿದ್ದ ಜೇಡಗಳನ್ನು ಮತ್ತೆ ನೋಡಿದಳು. ಈ ದೇವೀರಿ ಇನ್ನು ಯಾರ ಯಾರ ಮಕ್ಕಳಿಗೆ ಏನೇನು ಮಾಡಿದ್ದಾಳೋ ಅಂತ ಊರು ಹೆದರಿತ್ತು, ಅದಕ್ಕೇ ಯಾರೂ ಬೇಡ ಅನ್ನಲಿಲ್ಲ. ಎಂಟು ದಿನ ಹಿಡಿಯಿತು. ಆ ಎಂಟು ದಿನ ನಮ್ಮ ಬಾಗಿಲಿಗೆ ಹಾಲಿನವಳನ್ನು ಬಿಟ್ಟು ಯಾರೂ ಬರಲಿಲ್ಲ. ನಮ್ಮ ಮನೆಯವರು ಊಟಕ್ಕೆ ಕೂತಾಗ ಒಂದೇ ಒಂದು ಮಾತು ಕೇಳಿದರು. "ಅಷ್ಟು ಉರಿ ಇತ್ತೇನೇ ನಿನಗೆ?" ಇತ್ತು ಅಂದೆ. ಅವರು ಅನ್ನ ಕಲಸಿದರು.

ಒಂಬತ್ತನೇ ದಿನ ಚಿಕ್ಕತಾಯಿ ಬಂದು ಹೊಸಿಲ ಆಚೆಯೇ ನಿಂತಳು. ಒಳಗೆ ಬಾ ಅಂದೆ, ಬರಲಿಲ್ಲ.

"ಇಪ್ಪತ್ತಮೂರು ಮನೆ ನೋಡ್ದೆ" ಅಂದಳು. "ಎಲ್ಲಾ ಸರಿ ಐತೆ. ಒಂದೂ ತಪ್ಪಿಲ್ಲ. ಆ ಗಾಣದ ಮನೆ ಕೂಸಿಂದು ಹೆಣ್ಣು ಜೇಡ, ಬಣ್ಣಗೆಟ್ಟಿದ್ದು, ಪೊರೆ ಬಿಡೋಕೆ ಮುಂಚಿಂದು. ನಾನಾಗಿದ್ರೆ ಗೋಡೆಬೂದ ಅಂತಿದ್ದೆ. ನೀನು ನೀಲಪಟ್ಟಿ ಅಂದಿದ್ದೆ. ಅದರ ಮರಿಗಳು ಈಗ ಬಿಸಿಲಿಗೆ ಮಿಂಚ್ತಾವೆ."

ಅವಳ ಬಾಯಿಂದ ಇಂಥ ಒಂದು ಮಾತು ಕೇಳಬೇಕು ಅಂತ ನಾನು ಎಷ್ಟು ವರ್ಷ ಕಾದಿದ್ದೆ! ಅದನ್ನು ಈಗ ಅವಳು ಬಿಡಿಸಿ ಬಿಡಿಸಿ ಹೇಳುತ್ತಿದ್ದಳು.

"ಅಂದ್ರೆ ನನ್ನ ಮಗಳೊಬ್ಬಳೇ" ಅಂದಳು. ನಾನು ಹೂಂ ಅಂದೆ. ಅವಳು, "ಅವತ್ತು ನೋಡಿದವಳು ನೀನೇ, ನೀನೇ ಹೇಳಬೇಕು. ನಾಳೆ ಬೆಳಿಗ್ಗೆ ಬಾ. ಹೇಳು, ಹೋಗು" ಅಂದು ಹೊರಟಳು.

ಹೋದೆ. ಊರೆಲ್ಲ ಅಂಗಳದಲ್ಲಿ ನಿಂತಿತ್ತು. ಯಾರೂ ದಾರಿಗೆ ಅಡ್ಡ ಬರಲಿಲ್ಲ, ಯಾರೂ ಬಾ ಅನ್ನಲೂ ಇಲ್ಲ. ಜಗುಲಿ ಹತ್ತಿ, "ಈ ಮಗುವಿಗೆ ಬಂದದ್ದು ಇರುವೆಜೇಡ" ಅಂತ ಕೂಗಿ ಹೇಳಿದೆ. ಹಿಂದೆ ನಿಂತವರಿಗೂ ಕೇಳಲಿ ಅಂತ ಎರಡನೇ ಸಲ ಹೇಳಿದೆ. ಗುರುತು ಹೇಳಿದವಳಿಗೆ ಎಲೆ ಅಡಿಕೆ ಕೊಡುವುದು ವಾಡಿಕೆ. ತಟ್ಟೆ ಅಲ್ಲೇ ಇತ್ತು. ಯಾರೂ ಅದನ್ನು ಎತ್ತಲಿಲ್ಲ, ನಾನೂ ಅದರ ಕಡೆ ನೋಡಲಿಲ್ಲ. ಇಳಿದು ಮನೆಗೆ ಬಂದೆ.

ಈಗ ಊರಿನ ಗುರುತಮ್ಮ ಚಿಕ್ಕತಾಯಿ. ಅವಳು ನನ್ನ ಜತೆ ಮಾತಾಡುವುದಿಲ್ಲ, ಸಿಕ್ಕರೆ ಪಕ್ಕಕ್ಕೆ ಸರಿದು ದಾರಿ ಬಿಡುತ್ತಾಳೆ. ನನ್ನ ಹೊಟ್ಟೆಕಿಚ್ಚು ಪೂರ್ತಿ ಹೋಯಿತೇ ಅಂತ ಯಾರಾದರೂ ಕೇಳಿದರೆ, ಹೋಗಿಲ್ಲ ಅಂತಲೇ ಹೇಳುತ್ತೇನೆ. ಇನ್ನೊಂದು ಸುಳ್ಳು ಯಾಕೆ?

ಆದರೆ ಆ ದಿನದ್ದು ಹೇಳಬೇಕು. ನಾನು ಬಂದು ಅಡುಗೆಮನೆಯಲ್ಲಿ ಕೂತಿದ್ದೆ. ಮೂರು ಮನೆಯಾಚೆ ಅವಳು ಮಗಳ ಕಿವಿಯಲ್ಲಿ ಹೆಸರು ಹೇಳಿರಬೇಕು. ನಾಲ್ಕು ವರ್ಷ ಗಂಡನಿಗೂ ಹೇಳದೆ ಬಾಯಲ್ಲಿ ಕಟ್ಟಿಟ್ಟುಕೊಂಡಿದ್ದ ಹೆಸರು. ಸ್ವಲ್ಪ ಹೊತ್ತಿಗೆ ಬೀದಿಯಲ್ಲಿ ಅವಳ ಧ್ವನಿ ಕೇಳಿಸಿತು. "ಸೇವಂತೀ!" ಉತ್ತರವಿಲ್ಲ. ಮಗುವಿಗೆ ಅದು ತನ್ನನ್ನೇ ಅಂತ ತಿಳಿಯಬೇಕಲ್ಲ. ಮತ್ತೆ ಕೂಗಿದಳು. ಒಂದು ಗಳಿಗೆ ಬಿಟ್ಟು ಮತ್ತೆ. ಊಟದ ಹೊತ್ತು ಮೀರಿತು, ಬಿಸಿಲು ಹಿತ್ತಿಲ ಗೋಡೆಗೆ ತಿರುಗಿತು, ಅವಳು ಬೇಸರವಿಲ್ಲದೆ, ಅವಸರವಿಲ್ಲದೆ, ಅದೇ ಹೆಸರನ್ನು ಕೂಗುತ್ತಲೇ ಇದ್ದಳು. ನಾನು ಒಲೆ ಹಚ್ಚದೆ ಕೇಳುತ್ತಾ ಕೂತಿದ್ದೆ. ಸಂಜೆ ದನ ಮನೆಗೆ ತಿರುಗುವ ಹೊತ್ತಿಗೆ ಬೀದಿಯ ಆ ತುದಿಯಿಂದ ಸಣ್ಣಗೆ "ಓ" ಅನ್ನುವುದು ಕೇಳಿಸಿತು.